ಸಣ್ಣ ಪಾತ್ರ, ದೊಡ್ಡ ನಟ

ವಾರ್ಷಿಕೋತ್ಸವ ಸಮೀಪಿಸಿತೆಂದರೆ ನಮ್ಮ ಶಾಲೆಯಲ್ಲಿ ಒಂದು ಸಮಸ್ಯೆ ತಪ್ಪದೆ ತಲೆದೋರುತ್ತದೆ. ನಾಟಕದಲ್ಲಿ ಅರ್ಜುನನಾಗಲು ಹತ್ತು ಮಂದಿ ಸಿದ್ಧ. ಮುದುಕನಾಗಲು, ದೂತನಾಗಲು ಒಬ್ಬನೂ ಇಲ್ಲ. "ನಮ್ಮ ಹುಡುಗನಿಗೆ ಇಷ್ಟು ಸಣ್ಣ ಪಾತ್ರವೇ ಮಾಷ್ಟ್ರೇ?" ಎಂದು ಕೇಳಿಕೊಂಡು ಬರುವ ಹೆತ್ತವರೂ ಇದ್ದಾರೆ. ಅವರಿಗೆ ಉತ್ತರವಾಗಿ ಕನ್ನಡದ ಒಬ್ಬ ನಟನನ್ನು ಇಲ್ಲಿ ನೆನೆಯಬಯಸುತ್ತೇನೆ.

ಕೆ. ಎಸ್. ಅಶ್ವಥ್ ಅವರು ಹುಟ್ಟಿದ್ದು 1925ರಲ್ಲಿ, ಮೈಸೂರಿನಲ್ಲಿ. 1942ರ ಚಳವಳಿಗೆ ಧುಮುಕಿದ್ದರಿಂದ ಓದು ಅರ್ಧಕ್ಕೆ ನಿಂತಿತು. ಮುಂದೆ ಸರಕಾರಿ ನೌಕರಿಯ ಜೊತೆಗೆ ನಾಟಕ. ಮೈಸೂರು ಆಕಾಶವಾಣಿಯ ನಾಟಕಗಳಲ್ಲಿಯೂ ಪಾತ್ರ. ಬಾನುಲಿಯಲ್ಲಿ ಮುಖ ಕಾಣುವುದಿಲ್ಲ. ಸಿಟ್ಟು, ದುಃಖ, ಪ್ರೀತಿ ಎಲ್ಲವನ್ನೂ ದನಿಯೇ ಹೇಳಬೇಕು. ಅವರ ಮಾತಿನ ಸ್ಪಷ್ಟತೆಯ ಹಿಂದೆ ಈ ಅಭ್ಯಾಸವಿದೆ.

1955ರಲ್ಲಿ 'ಸ್ತ್ರೀ ರತ್ನ' ಚಿತ್ರದಲ್ಲಿ ಅವರು ನಾಯಕರಾಗಿಯೇ ಬಂದರು. ಆದರೆ ಹೆಸರು ತಂದದ್ದು ಪೋಷಕ ಪಾತ್ರಗಳು. ತಂದೆ, ಅಣ್ಣ, ಗುರು, ಋಷಿ, ಮನೆಯ ಆಳು ಹೀಗೆ ಮುನ್ನೂರಕ್ಕೂ ಹೆಚ್ಚು ಚಿತ್ರಗಳಲ್ಲಿ ಅಭಿನಯಿಸಿದರು. 'ಕಸ್ತೂರಿ ನಿವಾಸ'ದ (1971) ನಿಷ್ಠಾವಂತ ರಾಮಯ್ಯನನ್ನು ನೋಡಿದವರು, ಒಡೆಯನ ಬಡತನದ ನೋವು ಆಳಿನ ಮುಖದಲ್ಲಿ ಹೇಗೆ ಕಾಣುತ್ತದೆಂಬುದನ್ನು ಬಲ್ಲರು.

ಮರುವರ್ಷ ಪುಟ್ಟಣ್ಣ ಕಣಗಾಲರ 'ನಾಗರಹಾವು' ಬಂತು. ತ. ರಾ. ಸು. ಅವರ ಕಾದಂಬರಿಗಳನ್ನಾಧರಿಸಿದ ಈ ಚಿತ್ರದಲ್ಲಿ ರಾಮಾಚಾರಿಯಾಗಿ ವಿಷ್ಣುವರ್ಧನ್, ಚಾಮಯ್ಯ ಮೇಷ್ಟ್ರಾಗಿ ಅಶ್ವಥ್. ಮಕ್ಕಳಿಲ್ಲದ ಮೇಷ್ಟ್ರು ಒರಟು ಶಿಷ್ಯನನ್ನು ಮಗನಂತೆ ಪ್ರೀತಿಸುತ್ತಾರೆ. ಆದರೆ ಮೇಷ್ಟ್ರ ಮಾತಿಗೆ ಕಟ್ಟುಬಿದ್ದು ರಾಮಾಚಾರಿ ಅಲಮೇಲುವನ್ನು ಬಿಟ್ಟುಕೊಡುತ್ತಾನೆ. ಅವಳ ಬಾಳು ಹಾಳಾಗುತ್ತದೆ. ಕೊನೆಗೆ ಮೇಷ್ಟ್ರೂ ಉಳಿಯುವುದಿಲ್ಲ, ಶಿಷ್ಯನೂ ಉಳಿಯುವುದಿಲ್ಲ.

ಒಳ್ಳೆಯವರೂ ತಪ್ಪಬಲ್ಲರು, ಪ್ರೀತಿಯಿಂದಲೇ ಕೇಡಾಗಬಹುದು ಎಂಬ ಕಷ್ಟದ ಸತ್ಯವನ್ನು ಅಶ್ವಥ್ ತೋರಿಸಿದರು. ಚಾಮಯ್ಯನನ್ನು ಅವರು ದೇವರನ್ನಾಗಿಯೂ ಮಾಡಲಿಲ್ಲ, ಖಳನನ್ನಾಗಿಯೂ ಮಾಡಲಿಲ್ಲ. ಅಧ್ಯಾಪಕನಾದ ನನಗೆ ಆ ಪಾತ್ರ ಇಂದಿಗೂ ಎಚ್ಚರಿಕೆಯ ಮಾತು. ಹೆತ್ತವರಿಗೂ ಹಾಗೆಯೇ ಆಗಬೇಕೆಂದು ನನ್ನ ಅನಿಸಿಕೆ. ಆ ಪಾತ್ರಕ್ಕೆ ರಾಜ್ಯ ಪ್ರಶಸ್ತಿ ಬಂತು. ವಿಷ್ಣುವರ್ಧನ್ 2009ರ ಡಿಸೆಂಬರ್ 30ರಂದು ತೀರಿಕೊಂಡರು. ಇಪ್ಪತ್ತು ದಿನ ತುಂಬುವ ಮೊದಲೇ, 2010ರ ಜನವರಿ 18ರಂದು, ಅಶ್ವಥ್ ಅವರೂ ನಮ್ಮನ್ನಗಲಿದರು. ಜನರ ಬಾಯಲ್ಲಿ ರಾಮಾಚಾರಿಯ ಹೆಸರಿನೊಡನೆ ಚಾಮಯ್ಯ ಮೇಷ್ಟ್ರ ಹೆಸರೂ ಉಳಿದಿದೆ.

ಕಾಸರಗೋಡಿನವರಾದ ನಮಗೆ ಇದು ಹೊಸ ಮಾತೇನಲ್ಲ. ನಮ್ಮ ಯಕ್ಷಗಾನದಲ್ಲಿ ಕಲಿಯುವ ಹುಡುಗ ಮೊದಲು ಕಟ್ಟುವುದು ಕೋಡಂಗಿ ವೇಷ. ಅಲ್ಲಿಂದ ಹೆಜ್ಜೆ ಹೆಜ್ಜೆಯಾಗಿ ಮೇಲೇರಬೇಕು. ಹಾಸ್ಯಗಾರನಿಲ್ಲದ ಆಟವನ್ನು ಬೆಳಗಿನವರೆಗೆ ಕುಳಿತು ನೋಡುವವರು ಯಾರು?

ಇನ್ನೊಂದು ಮಾತು. ನಮ್ಮ ಮಕ್ಕಳಲ್ಲಿ ಅನೇಕರ ಮನೆಮಾತು ತುಳು, ಮಲಯಾಳ, ಕೊಂಕಣಿ ಅಥವಾ ಮರಾಠಿ. ಅವರಿಗೆ ಕನ್ನಡ ಸಿಗುವುದು ಶಾಲೆಯಲ್ಲಿ. ದೂತನ ಐದು ಮಾತುಗಳನ್ನು ಅಲ್ಪಪ್ರಾಣ ಮಹಾಪ್ರಾಣ ತಪ್ಪದೆ, ಅರ್ಥವರಿತು, ಹಿಂದಿನ ಬೆಂಚಿಗೂ ಕೇಳುವಂತೆ ಹೇಳಬಲ್ಲ ಹುಡುಗ ಕನ್ನಡವನ್ನು ಗೆದ್ದಂತೆಯೇ. ಗಡಿಯಲ್ಲಿ ಭಾಷೆ ಉಳಿಯಬೇಕಾದರೆ ಬರಿಯ ಘೋಷಣೆ ಸಾಲದು. ಇಂಥ ಬಾಯಿಗಳು ಬೇಕು.

ಆದುದರಿಂದ ಮಕ್ಕಳೇ, ಈ ಸಲ ಪಾತ್ರ ಹಂಚುವಾಗ ಮುಖ ಸಣ್ಣದು ಮಾಡಬೇಡಿ. ಹೆತ್ತವರೇ, ಮಗ ಮನೆಗೆ ಬಂದು "ನನ್ನದು ಮುದುಕನ ಪಾತ್ರ" ಎಂದರೆ, "ಎಷ್ಟು ಮಾತಿದೆ?" ಎಂದು ಕೇಳಬೇಡಿ, "ಎಲ್ಲಿ, ಒಮ್ಮೆ ಹೇಳು ನೋಡುವ" ಎನ್ನಿ.