ಗೃಹ ಶುಶ್ರೂಷಕರು: ನೌಕರರೇ, ಗುತ್ತಿಗೆದಾರರೇ?

ವೃದ್ಧರ ಹಾಗೂ ದೀರ್ಘಕಾಲದ ರೋಗಿಗಳ ಮನೆಗಳಿಗೆ ಶುಶ್ರೂಷಕರನ್ನು ಒದಗಿಸುವ ಉದ್ಯಮವು ರಾಜ್ಯದ ನಗರಗಳಲ್ಲಿ ಬೇರೂರಿದೆ. ಈ ಕ್ಷೇತ್ರದ ಹಲವು ಸಂಸ್ಥೆಗಳು ಶುಶ್ರೂಷಕರಿಗೆ ನೇಮಕಾತಿ ಪತ್ರ ನೀಡದೆ, 'ಸ್ವತಂತ್ರ ಸೇವಾದಾರ' ಎಂಬ ಕರಾರಿಗೆ ಸಹಿ ಪಡೆಯುತ್ತವೆ. ಭವಿಷ್ಯನಿಧಿ, ಇ.ಎಸ್.ಐ., ಉಪದಾನಗಳ ಹೊಣೆ ಇದರಿಂದ ತಪ್ಪಿತೆಂಬ ಈ ಎಣಿಕೆ ಕಾನೂನಿನ ಮುಂದೆ ನಿಲ್ಲುವಂತಹುದಲ್ಲ.

ಸಂಬಂಧವನ್ನು ನಿರ್ಧರಿಸುವುದು ಕರಾರಿನ ತಲೆಬರಹವಲ್ಲ, ಕೆಲಸದ ವಾಸ್ತವ ಸ್ವರೂಪ. 1973ರಲ್ಲಿ ಸಿಲ್ವರ್ ಜ್ಯುಬಿಲಿ ಟೈಲರಿಂಗ್ ಹೌಸ್ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯದ ಮುಂದಿದ್ದ ದರ್ಜಿಗಳಿಗೆ ದೊರೆಯುತ್ತಿದ್ದುದು ಬಟ್ಟೆಯೊಂದಕ್ಕೆ ಇಷ್ಟೆಂಬ ಕೂಲಿ; ಬಂದು ಹೋಗುವ ವೇಳೆಗೂ ಕಟ್ಟುಪಾಡಿರಲಿಲ್ಲ. ಆದರೂ ಹೊಲಿಗೆ ಯಂತ್ರಗಳು ಅಂಗಡಿಯವು, ಸರಿಯಿಲ್ಲದ ಹೊಲಿಗೆಯನ್ನು ತಿರಸ್ಕರಿಸುವ ಅಧಿಕಾರವೂ ಅಂಗಡಿಯದೇ ಎಂಬುದನ್ನು ಗಮನಿಸಿದ ನ್ಯಾಯಾಲಯ ಅವರನ್ನು ನೌಕರರೆಂದೇ ಪರಿಗಣಿಸಿತು. ಶುಶ್ರೂಷಕಿಯ ಸ್ಥಿತಿಯಾದರೋ ಆ ದರ್ಜಿಗಿಂತಲೂ ಬಿಗಿಯಾದುದು. ಯಾವ ಮನೆ, ಎಷ್ಟು ಗಂಟೆ, ಯಾವ ಸಮವಸ್ತ್ರ, ಕುಟುಂಬ ತೆರಬೇಕಾದ ಹಣವೆಷ್ಟು ಎಲ್ಲವನ್ನೂ ಸಂಸ್ಥೆಯೇ ಗೊತ್ತುಪಡಿಸುತ್ತದೆ. ಆಕೆ ರಜೆ ಹಾಕಿದರೆ ಬದಲಿ ವ್ಯಕ್ತಿಯನ್ನು ಕಳುಹಿಸುವುದೂ ಸಂಸ್ಥೆಯೇ. ಇಂತಹ ಶುಶ್ರೂಷಕಿಯನ್ನು ಸ್ವತಂತ್ರ ಗುತ್ತಿಗೆದಾರಳೆನ್ನಲು ಧೈರ್ಯ ಬೇಕು!

ಕೇವಲ ಪರಿಚಯ ಮಾಡಿಕೊಟ್ಟು, ಒಮ್ಮೆ ಶುಲ್ಕ ಪಡೆದು, ವೇತನ ಮತ್ತು ಮೇಲ್ವಿಚಾರಣೆಯನ್ನು ಕುಟುಂಬಕ್ಕೇ ಬಿಡುವ ಸಂಸ್ಥೆಗಳ ಮಾತು ಬೇರೆ. ಅವುಗಳ ಮೇಲೆ ಮಾಲೀಕತ್ವದ ಹೊಣೆ ಹೊರಿಸುವುದು ಅನ್ಯಾಯ.

ಮೊಬೈಲ್ ಆ್ಯಪ್ ಮೂಲಕ ವ್ಯವಹರಿಸುವವರು ತಮ್ಮದು ಗಿಗ್ ವ್ಯವಸ್ಥೆಯೆನ್ನಬಹುದು. ಕರ್ನಾಟಕದ 2025ರ ಗಿಗ್ ಕಾರ್ಮಿಕರ ಕಾಯಿದೆ ಪ್ರತಿ ಪಾವತಿಯ ಮೇಲೆ ಶೇ. 1ರಿಂದ 5ರವರೆಗೆ ಕಲ್ಯಾಣ ಶುಲ್ಕಕ್ಕೆ ಅವಕಾಶ ನೀಡಿದೆ. ಆದರೆ 2025ರ ನವೆಂಬರ್ 21ರಂದು ಜಾರಿಗೆ ಬಂದ ಸಾಮಾಜಿಕ ಭದ್ರತಾ ಸಂಹಿತೆಯಲ್ಲಿ ಗಿಗ್ ಕಾರ್ಮಿಕನೆಂದರೆ ಸಾಂಪ್ರದಾಯಿಕ ಮಾಲೀಕ-ನೌಕರ ಸಂಬಂಧದ ಹೊರಗೆ ದುಡಿಯುವವನು. ಆ್ಯಪ್ ಇದ್ದ ಮಾತ್ರಕ್ಕೆ ಒಳಗಿರುವವನು ಹೊರಗಾಗುವುದಿಲ್ಲ.

ಇನ್ನು ವೆಚ್ಚದ ವಿಚಾರ. ಮಾಸಿಕ 15,000 ರೂ. ವೇತನಕ್ಕೆ ಇ.ಎಸ್.ಐ.ನಲ್ಲಿ ಮಾಲೀಕರ ವಂತಿಗೆ, 2019ರಲ್ಲಿ ನಿಗದಿಯಾದ ಶೇ. 3.25ರ ದರದಂತೆ, 487 ರೂ. 50 ಪೈಸೆ. ಭವಿಷ್ಯನಿಧಿಯ ಶೇ. 12, ಅಂದರೆ 1,800 ರೂ., ನಿಜಕ್ಕೂ ಭಾರವೇ. ಕುಟುಂಬಗಳ ಬಿಲ್ಲು ಏರುವುದರಲ್ಲಿ ಸಂಶಯವಿಲ್ಲ. ಆದರೆ ಹಾಸಿಗೆ ಹಿಡಿದ ರೋಗಿಯನ್ನು ಎತ್ತಿ ಕೂರಿಸುವಾಗ ಶುಶ್ರೂಷಕಿಯ ಬೆನ್ನೆಲುಬಿಗೆ ಪೆಟ್ಟಾದರೆ, ವಿಮೆಯಿಲ್ಲದ ಆಕೆಯ ದುಡಿಮೆ ಅಂದಿಗೇ ನಿಲ್ಲುತ್ತದೆ. ನೌಕರಳೆಂಬುದು ಆನಂತರ ರುಜುವಾತಾದಲ್ಲಿ ಪರಿಹಾರದ ಜೊತೆಗೆ ಹಳೆಯ ವಂತಿಗೆ, ಬಡ್ಡಿ, ದಂಡಗಳೂ ಮಾಲೀಕರ ತಲೆಯ ಮೇಲೆ ಬರುತ್ತವೆ. ಈ ವಂತಿಗೆಗಳನ್ನು ಕುಟುಂಬದ ಬಿಲ್ಲಿನಲ್ಲಿಯೇ ಪ್ರತ್ಯೇಕವಾಗಿ ನಮೂದಿಸಿ ವಸೂಲು ಮಾಡಲು ಸಂಸ್ಥೆಗಳಿಗೆ ಅಡ್ಡಿಯೇನೂ ಇಲ್ಲ.