ಹೋಟೆಲ್ ಕೋಣೆಗೆ ಶೇ 5, ಮಕ್ಕಳ ಆಟಕ್ಕೆ ಶೇ 18

ದಿನಕ್ಕೆ ₹7,500 ಬಾಡಿಗೆಯ ಹೋಟೆಲ್ ಕೋಣೆಯಲ್ಲಿ ಉಳಿಯುವವರು ಈಗ ಕಟ್ಟುವ ಜಿಎಸ್‌ಟಿ ಶೇ 5. ಜಿಮ್‌ಗೆ ಹೋಗುವವರಿಗೂ ಬ್ಯೂಟಿ ಪಾರ್ಲರ್‌ಗೆ ಹೋಗುವವರಿಗೂ ಅಷ್ಟೇ. ಜಗಳೂರು ತಾಲ್ಲೂಕಿನ ಬಿಳಿಚೋಡಿನಿಂದ ಮಕ್ಕಳನ್ನು ಕಟ್ಟಿಕೊಂಡು ಬಿಡದಿಯ ವಂಡರ್‌ಲಾಗೋ ಮೈಸೂರಿನ ಜಿಆರ್‌ಎಸ್ ಫ್ಯಾಂಟಸಿ ಪಾರ್ಕಿಗೋ ಹೋಗುವ ತಂದೆ–ತಾಯಿ ಮಾತ್ರ ಟಿಕೆಟ್ ಮೇಲೆ ಶೇ 18 ಕಟ್ಟಬೇಕು. 2025ರ ಸೆಪ್ಟೆಂಬರ್ 3ರಂದು ಸೇರಿದ ಜಿಎಸ್‌ಟಿ ಮಂಡಳಿಯ 56ನೇ ಸಭೆ ನೂರಾರು ಸರಕು, ಸೇವೆಗಳ ದರ ಇಳಿಸಿತು. ಹೊಸ ದರಗಳು ಅದೇ ತಿಂಗಳ 22ರಿಂದ ಜಾರಿಗೆ ಬಂದವು. ಮಕ್ಕಳ ಮೂರುಗಾಲಿ ಸೈಕಲ್‌ಗೂ ಸಿನಿಮಾದ ₹100ರ ಟಿಕೆಟ್‌ಗೂ ಶೇ 5 ಎಂದಾಯಿತು. ಅಮ್ಯೂಸ್‌ಮೆಂಟ್ ಪಾರ್ಕಿನ ಬಾಗಿಲಲ್ಲಿ ಮಾತ್ರ ಏನೂ ಬದಲಾಗಲಿಲ್ಲ.

ಇದು ಅನ್ಯಾಯ. ದೊಡ್ಡ ಹೂಡಿಕೆದಾರರ ಉದ್ಯಮವೊಂದಕ್ಕೆ ರಿಯಾಯಿತಿ ಸಿಗಲಿಲ್ಲ ಎಂಬುದು ಇಲ್ಲಿನ ದೂರಲ್ಲ. ವರ್ಷಕ್ಕೋ ಎರಡು ವರ್ಷಕ್ಕೋ ಒಮ್ಮೆ ಮಕ್ಕಳಿಗೆ ಕೊಡುವ ಒಂದು ದಿನದ ಸಂತೋಷವನ್ನು ಸರ್ಕಾರ ಯಾವ ಸಾಲಿನಲ್ಲಿ ಇಟ್ಟು ನೋಡುತ್ತದೆ ಎಂಬುದೇ ಪ್ರಶ್ನೆ.

ಬಿಳಿಚೋಡು ದಾವಣಗೆರೆ–ಜಗಳೂರು ರಸ್ತೆಯಲ್ಲಿರುವ ಹೋಬಳಿ ಕೇಂದ್ರ. ಸುತ್ತಲಿನ ಹಳ್ಳಿಗಳು ಮೆಕ್ಕೆಜೋಳ, ಶೇಂಗಾ, ಈರುಳ್ಳಿ ನಂಬಿಕೊಂಡಿವೆ. ಮಳೆ ಕೈಕೊಟ್ಟ ವರ್ಷ ಎಲ್ಲವೂ ಕೈಕೊಡುತ್ತದೆ. ಇಲ್ಲಿಂದ ಬಿಡದಿಗೆ ಸುಮಾರು ಮುನ್ನೂರು ಕಿಲೋಮೀಟರ್. ರಾತ್ರಿ ಬಸ್ಸೋ ದಾವಣಗೆರೆಯಿಂದ ರೈಲೋ ಹಿಡಿದು ಬೆಳಗಿನ ಹೊತ್ತಿಗೆ ಬೆಂಗಳೂರು ಸೇರಬೇಕು, ಅಲ್ಲಿಂದ ಮೈಸೂರು ರಸ್ತೆ ಹಿಡಿಯಬೇಕು. ಫಸಲಿನ ದುಡ್ಡಿನಲ್ಲಿ ಸಾಲ, ಗೊಬ್ಬರದಂಗಡಿ ಬಾಕಿ, ಸಂಘದ ಕಂತು ಕಳೆದು ಉಳಿದದ್ದರಲ್ಲಿ ಇಂಥ ಪ್ರವಾಸ ಆಗಬೇಕು. ಹೀಗೆ ಹೊರಡುವ ಮನೆಯವರು ಒಂದೊಂದು ನೂರು ರೂಪಾಯಿಯನ್ನೂ ಮೊದಲೇ ಎಣಿಸಿಟ್ಟಿರುತ್ತಾರೆ.

ದೊಡ್ಡವರ ಟಿಕೆಟ್ ₹1,000, ಮಕ್ಕಳದು ₹800 ಎಂದು ಇಟ್ಟುಕೊಳ್ಳೋಣ. ಇಬ್ಬರು ದೊಡ್ಡವರು, ಇಬ್ಬರು ಮಕ್ಕಳಿಗೆ ₹3,600 ಆಯಿತು. ಅದರ ಮೇಲೆ ಜಿಎಸ್‌ಟಿ ₹648. ಕರ್ನಾಟಕದಲ್ಲಿ 2025–26ನೇ ಸಾಲಿಗೆ ನಿಗದಿಯಾದ ನರೇಗಾ ಕೂಲಿ ದಿನಕ್ಕೆ ₹370. ಅಂದರೆ ನಾಲ್ವರು ಗೇಟು ದಾಟುವಷ್ಟರಲ್ಲಿ ಹೆಚ್ಚುಕಡಿಮೆ ಎರಡು ದಿನದ ಕೂಲಿ ತೆರಿಗೆಗೇ ಹೋಗಿರುತ್ತದೆ. ಕೋಣೆ ಬಾಡಿಗೆಗೆ ಇರುವ ಶೇ 5 ಇಲ್ಲಿಗೂ ಬಂದಿದ್ದರೆ ತೆರಿಗೆ ₹180 ಆಗುತ್ತಿತ್ತು. ಉಳಿಯುತ್ತಿದ್ದ ₹468ರಲ್ಲಿ ಮಕ್ಕಳ ಮಧ್ಯಾಹ್ನದ ಊಟ ನಡೆಯುತ್ತಿತ್ತು. ಹೊರಗಿನ ತಿಂಡಿ ಒಳಗೆ ಬಿಡದ ಪಾರ್ಕುಗಳಲ್ಲಿ ಮನೆಯಿಂದ ಕಟ್ಟಿಕೊಂಡು ಹೋದ ರೊಟ್ಟಿ ಬುತ್ತಿ ಉಪಯೋಗಕ್ಕೆ ಬರುವುದಿಲ್ಲ. ಅಲ್ಲಿಯೇ ಕೊಂಡು ತಿನ್ನಬೇಕು, ಅದಕ್ಕೂ ಶೇ 5 ಜಿಎಸ್‌ಟಿ. ಲಾಕರ್, ನೀರಿಗಿಳಿಯಲು ಬಾಡಿಗೆ ಉಡುಪು, ವಾಹನ ನಿಲುಗಡೆ ಬೇರೆ ಖರ್ಚು.

ಶಾಲಾ ಪ್ರವಾಸದ ಲೆಕ್ಕ ಇನ್ನೂ ಸಂಕಟ ತರುತ್ತದೆ. ಡಿಸೆಂಬರ್, ಜನವರಿ ಬಂತೆಂದರೆ ಹಳ್ಳಿ ಶಾಲೆಗಳ ಮೇಷ್ಟ್ರುಗಳು ಬಿಇಒ ಕಚೇರಿಯ ಅನುಮತಿ, ಬಸ್ಸು, ವಸತಿ ಎಂದು ಓಡಾಡುತ್ತಾರೆ. ಐವತ್ತು ಮಕ್ಕಳಿಗೆ ಗುಂಪು ರಿಯಾಯಿತಿ ಸಿಕ್ಕಿ ತಲಾ ₹700 ಆಯಿತೆನ್ನಿ. ಒಟ್ಟು ₹35,000ಕ್ಕೆ ತೆರಿಗೆ ₹6,300. ಆ ಹಣದಲ್ಲಿ ತೆರಿಗೆ ಸಮೇತ ಇನ್ನೂ ಏಳು ಮಕ್ಕಳಿಗೆ ಟಿಕೆಟ್ ಬರುತ್ತದೆ. ಪ್ರವಾಸದ ದುಡ್ಡು ಹೊಂದಿಸಲಾಗದೆ ಊರಲ್ಲೇ ಉಳಿಯುವ ಮಕ್ಕಳು ಪ್ರತಿ ತರಗತಿಯಲ್ಲೂ ಇರುತ್ತಾರೆ. ಪಾರ್ಕು ರಿಯಾಯಿತಿ ಕೊಡಬಹುದು, ಮೇಷ್ಟ್ರು ಕೈಯಿಂದ ಹಾಕಬಹುದು. ತೆರಿಗೆ ಮಾತ್ರ ಶಾಲೆಯ ಮಗು, ಕಂಪನಿಯ ಪಾರ್ಟಿ ಎಂದು ಬೇರೆ ಮಾಡಿ ನೋಡುವುದಿಲ್ಲ.

ಈ ದರ ಎಲ್ಲಿಂದ ಬಂತು ಎಂಬುದನ್ನು ನೆನೆಯಬೇಕು. 2015ರ ಮೇ ಅಂತ್ಯದವರೆಗೆ ಇಂಥ ಪಾರ್ಕುಗಳ ಪ್ರವೇಶಕ್ಕೆ ಕೇಂದ್ರದ ಸೇವಾ ತೆರಿಗೆ ಇರಲಿಲ್ಲ. ಆ ಜೂನ್ 1ರಿಂದ ಬಂತು. ಸೆಸ್‌ಗಳೂ ಸೇರಿ 2016ರ ಹೊತ್ತಿಗೆ ಶೇ 15ಕ್ಕೆ ಮುಟ್ಟಿತು. 2017ರ ಜುಲೈ 1ರಂದು ಜಿಎಸ್‌ಟಿ ಜಾರಿಯಾದಾಗ ಅದು ಶೇ 28ಕ್ಕೆ ಜಿಗಿಯಿತು. ಕ್ಯಾಸಿನೊ, ಕುದುರೆ ರೇಸು, ಐಪಿಎಲ್ ಪಂದ್ಯ, ಇವುಗಳ ಜೊತೆ ಒಂದೇ ಸಾಲಿನಲ್ಲಿ ಮಕ್ಕಳ ಜಾರುಬಂಡೆಯೂ ನಿಂತಿತ್ತು. ವಿರೋಧ ಬಂದ ಮೇಲೆ 2018ರ ಜನವರಿ 25ರಿಂದ ಥೀಮ್ ಪಾರ್ಕ್, ವಾಟರ್ ಪಾರ್ಕ್, ಜಾಯ್ ರೈಡ್, ಮೆರ್ರಿ ಗೋ ರೌಂಡ್‌ಗಳನ್ನು ಶೇ 18ಕ್ಕೆ ಇಳಿಸಿದರು. ಆಗಲೂ ಅಧಿಸೂಚನೆಯ ಮಾತು ಗೋಜಲಾಗಿತ್ತು. ಯಾವ ಪಾರ್ಕಿಗೆ ಶೇ 18, ಯಾವುದಕ್ಕೆ ಶೇ 28 ಎಂಬ ತಕರಾರು ಮುಗಿಯಲು 2021ರ ಅಕ್ಟೋಬರ್‌ನ ಸುತ್ತೋಲೆಯೇ ಬರಬೇಕಾಯಿತು. 2025ರಲ್ಲಿ ಕ್ಯಾಸಿನೊ, ರೇಸು, ಐಪಿಎಲ್ ಶೇ 40ಕ್ಕೆ ಏರಿದವು, ಅದು ಸರಿಯೇ. ಅವುಗಳ ನೆರಳಿನಿಂದ ಆಚೆ ಬಂದ ಮಕ್ಕಳ ಆಟ ಮಾತ್ರ ಶೇ 18ರಲ್ಲೇ ಕೂತಿದೆ.

ಇದೇ ಕಾನೂನು ಬೇರೆ ಕಡೆ ಎಷ್ಟು ವಿವೇಕದಿಂದ ನಡೆದುಕೊಂಡಿದೆ ನೋಡಿ. ಜಗಳೂರು ತಾಲ್ಲೂಕಿನಲ್ಲೇ ಕೊಂಡುಕುರಿಗಳ ರಂಗಯ್ಯನದುರ್ಗ ವನ್ಯಜೀವಿ ಧಾಮವಿದೆ. ಅಭಯಾರಣ್ಯ, ರಾಷ್ಟ್ರೀಯ ಉದ್ಯಾನ, ಮೃಗಾಲಯ, ವಸ್ತುಸಂಗ್ರಹಾಲಯಗಳ ಪ್ರವೇಶಕ್ಕೆ ಜಿಎಸ್‌ಟಿ ಇಲ್ಲವೇ ಇಲ್ಲ. ಮೈಸೂರಿನ ಮೃಗಾಲಯಕ್ಕೆ ಹೋದರೂ ಚಿತ್ರದುರ್ಗದ ಆಡುಮಲ್ಲೇಶ್ವರಕ್ಕೆ ಹೋದರೂ ಟಿಕೆಟ್ಟಿನಲ್ಲಿ ತೆರಿಗೆಯ ಸಾಲು ಕಾಣುವುದಿಲ್ಲ. ಸರ್ಕಸ್, ನಾಟಕ, ನೃತ್ಯ, ಸಂಗೀತ ಕಛೇರಿ, ತಾರಾಲಯಗಳ ಟಿಕೆಟ್ ತಲಾ ₹500ರವರೆಗೆ ವಿನಾಯಿತಿ ಪಡೆದಿದೆ. ಮೊದಲು ₹250 ಇದ್ದ ಮಿತಿಯನ್ನು 2018ರಲ್ಲಿ ಏರಿಸಿದ್ದು ಇದೇ ಮಂಡಳಿ. ದಾವಣಗೆರೆಯಲ್ಲಿ ಸರ್ಕಸ್ ಡೇರೆ ಬಿದ್ದಾಗ ₹200 ಕೊಟ್ಟು ಒಳಗೆ ಕೂತ ಮಗು ತೆರಿಗೆ ಕಟ್ಟುವುದಿಲ್ಲ. ಅದೇ ₹200 ಕೊಟ್ಟು ಊರ ಹತ್ತಿರದ ಸಣ್ಣ ವಾಟರ್ ಪಾರ್ಕಿಗೆ ಹೋದರೆ, ಆ ಪಾರ್ಕಿನ ವಹಿವಾಟು ವರ್ಷಕ್ಕೆ ₹20 ಲಕ್ಷ ದಾಟಿ ನೋಂದಣಿಯಾಗಿದ್ದರೆ, ₹36 ಕಟ್ಟುತ್ತದೆ. ನೋಡಿ ನಲಿಯುವ ಮಗುವಿಗೆ ವಿನಾಯಿತಿ, ತಾನೇ ಹತ್ತಿ ಜಾರಿ ನೀರಿಗೆ ಬೀಳುವ ಮಗುವಿಗೆ ತೆರಿಗೆ. ಈ ವ್ಯತ್ಯಾಸಕ್ಕೆ ಒಪ್ಪುವಂಥ ಕಾರಣವನ್ನು ಯಾರೂ ಕೊಟ್ಟಿಲ್ಲ.

ದರದಷ್ಟೇ ಕಾಡುವ ಇನ್ನೊಂದು ಸಂಗತಿ ‘ತೆರಿಗೆ ಪ್ರತ್ಯೇಕ’ ಎಂಬ ಸಣ್ಣ ಅಕ್ಷರ. ಬಿಳಿಚೋಡಿನ ಸಂತೆ ಬೀದಿಯಲ್ಲಿ ಕೊಳ್ಳುವ ಬಿಸ್ಕತ್ತಿನ ಪೊಟ್ಟಣದ ಮೇಲೆ ಎಲ್ಲ ತೆರಿಗೆ ಸೇರಿದ ಗರಿಷ್ಠ ಬೆಲೆ ಅಚ್ಚಾಗಿರಬೇಕು ಎಂಬುದು ಕಾನೂನು. ಸೇವೆಗಳಿಗೆ ಅಂಥ ಕಟ್ಟುಪಾಡಿಲ್ಲ. ಜಾಹೀರಾತಿನಲ್ಲಿ ₹999 ಎಂದು ಓದಿಕೊಂಡು ಹೊರಟವರು ಕೌಂಟರ್ ಮುಂದೆ ತಲಾ ₹1,179 ಎಣಿಸಬೇಕಾಗಿ ಬರಬಹುದು. ಊರಿಗೆ ಮರಳುವ ಬಸ್ ಚಾರ್ಜು ಬಿಟ್ಟು ಉಳಿದದ್ದನ್ನಷ್ಟೇ ಖರ್ಚಿಗೆ ತಂದವರಿಗೆ ಆ ಕ್ಷಣದಲ್ಲಿ ಮಕ್ಕಳ ಎದುರು ಆಗುವ ಮುಜುಗರ ಸಣ್ಣದಲ್ಲ. ಕೇಂದ್ರ ಗ್ರಾಹಕ ಸಂರಕ್ಷಣಾ ಪ್ರಾಧಿಕಾರ 2023ರ ನವೆಂಬರ್ 30ರಂದು ಹೊರಡಿಸಿದ ಮಾರ್ಗಸೂಚಿ, ಆನ್‌ಲೈನ್ ವ್ಯಾಪಾರದಲ್ಲಿ ಗ್ರಾಹಕರನ್ನು ದಾರಿ ತಪ್ಪಿಸುವ ಹದಿಮೂರು ತಂತ್ರಗಳನ್ನು ಪಟ್ಟಿ ಮಾಡಿದೆ. ಬೆಲೆಯನ್ನು ಮೊದಲೇ ಪೂರ್ತಿ ಹೇಳದೆ ಕೊನೆಯಲ್ಲಿ ಒಂದೊಂದಾಗಿ ಸೇರಿಸುತ್ತಾ ಹೋಗುವುದು ಅವುಗಳಲ್ಲೊಂದು. ತೆರಿಗೆಯನ್ನು ಕೊನೆಯ ಪುಟದಲ್ಲಿ ಸೇರಿಸುವ ಟಿಕೆಟ್ ಮಾರಾಟವನ್ನೂ ಈ ಕಣ್ಣಿನಿಂದಲೇ ನೋಡಬೇಕು.

ರಾಜ್ಯ ಸರ್ಕಾರವೂ ಈ ವಿಷಯದಲ್ಲಿ ಎಚ್ಚರ ತೋರಲಿಲ್ಲ. ಸಿನಿಮಾ ಟಿಕೆಟ್ ₹200 ದಾಟಬಾರದು ಎಂದು 2025–26ರ ಬಜೆಟ್‌ನಲ್ಲಿ ಘೋಷಿಸಿ, ಸೆಪ್ಟೆಂಬರ್‌ನಲ್ಲಿ ಹೊರಡಿಸಿದ ಅಂತಿಮ ನಿಯಮದಲ್ಲಿ ತೆರಿಗೆ ಅದರ ಹೊರಗೆ ಎಂದು ಬರೆಯಿತು. ಆ ನಿಯಮಕ್ಕೆ ಅದೇ ತಿಂಗಳು ಹೈಕೋರ್ಟ್ ತಡೆ ನೀಡಿತು. ಜನರಿಗೆ ಹೇಳಿದ ಬೆಲೆ ಒಂದು, ಜನ ಕೊಡಬೇಕಾದ ಬೆಲೆ ಮತ್ತೊಂದು ಎಂಬ ರೂಢಿಯನ್ನು ಸರ್ಕಾರವೇ ಬರೆದಿಟ್ಟರೆ ಪಾರ್ಕಿನವರನ್ನು ಕೇಳುವವರು ಯಾರು?

ಹೊರದೇಶದಲ್ಲಿರುವ ಕನ್ನಡ ಕುಟುಂಬಗಳಿಗೂ ಈ ಅನುಭವ ಗೊತ್ತು. ಫ್ಲಾರಿಡಾದ ಆರ್ಲ್ಯಾಂಡೊದಲ್ಲಿ ಡಿಸ್ನಿ ಪಾರ್ಕಿನ ಟಿಕೆಟ್ ಮೇಲೆ ರಾಜ್ಯದ ಶೇ 6, ಕೌಂಟಿಯ ಶೇ 0.5 ಮಾರಾಟ ತೆರಿಗೆ ಬೀಳುತ್ತದೆ, ಅದನ್ನು ಪ್ರವಾಸದ ಬಜೆಟ್‌ನಲ್ಲಿ ಬೇರೆಯಾಗಿ ತೆಗೆದಿಡಬೇಕು. ಕ್ಯಾಲಿಫೋರ್ನಿಯಾದಲ್ಲಿ ಪ್ರವೇಶ ಟಿಕೆಟ್‌ಗೆ ರಾಜ್ಯದ ಮಾರಾಟ ತೆರಿಗೆಯೇ ಇಲ್ಲ. ಬ್ರಿಟನ್ನಿನಲ್ಲಿ ತೆರಿಗೆ ಹೆಚ್ಚಿದ್ದರೂ ಗ್ರಾಹಕರಿಗೆ ತೋರಿಸುವ ಬೆಲೆಯಲ್ಲಿ ಅದು ಸೇರಿರುತ್ತದೆ. ಕೋವಿಡ್ ಹೊತ್ತಿನಲ್ಲಿ, 2020ರ ಜುಲೈನಿಂದ, ಪಾರ್ಕು ಮುಂತಾದ ಆಕರ್ಷಣೆಗಳ ಪ್ರವೇಶಕ್ಕೆ ಅಲ್ಲಿನ ಸರ್ಕಾರ ತೆರಿಗೆಯನ್ನು ಶೇ 20ರಿಂದ ಶೇ 5ಕ್ಕೆ ಇಳಿಸಿತ್ತು. ಡಾಲರಿನಲ್ಲಿ ದುಡಿಯುವವರಿಗೆ ಶೇ 6.5, ಜಗಳೂರಿನ ಬಯಲಿನಲ್ಲಿ ಈರುಳ್ಳಿ ಕೀಳುವವರಿಗೆ ಶೇ 18.

ಪಾರ್ಕಿನ ತೆರಿಗೆ ಇಳಿಸಿ ಎಂದರೆ ಬರುವ ಮೊದಲ ಎದುರು ಮಾತು: ಕೆರೆಗೆ ನೀರಿಲ್ಲದ ತಾಲ್ಲೂಕಿಗೆ ಜಾರುಬಂಡೆಯ ಚಿಂತೆ ಯಾಕೆ? ನೀರು ಮೊದಲು ಬೇಕು, ಅದರಲ್ಲಿ ಎರಡು ಮಾತಿಲ್ಲ. ಜಗಳೂರಿನ ಜನ 57 ಕೆರೆ ತುಂಬಿಸುವ ಯೋಜನೆಗೆ ವರ್ಷಗಟ್ಟಲೆ ಕಾದವರು. ಆದರೆ ಬರದ ನಾಡಿನ ಮಗುವಿಗೆ ಆಟ ಬೇಡ ಎನ್ನಲು ಯಾರಿಗೂ ಅಧಿಕಾರವಿಲ್ಲ. ಕೊಟ್ಟೂರು ಜಾತ್ರೆಯಲ್ಲಿ ತಿರುಗುವ ತೊಟ್ಟಿಲಿನ ಮುಂದೆ ನಿಲ್ಲುವ ಮಕ್ಕಳ ಸಾಲು ನೋಡಿದವರು ಆ ಮಾತು ಆಡುವುದಿಲ್ಲ. ಐಷಾರಾಮಕ್ಕೆ ತೆರಿಗೆ ಬೇಕು ಎನ್ನುವವರು ₹7,500ರ ಕೋಣೆ ಯಾಕೆ ಐಷಾರಾಮವಲ್ಲ ಎಂಬುದಕ್ಕೆ ಮೊದಲು ಉತ್ತರ ಕೊಡಲಿ.

ಎರಡನೆಯದು ಗಟ್ಟಿ ವಾದ. ತೆರಿಗೆ ಇಳಿಸಿದರೆ ಪಾರ್ಕಿನ ಮಾಲೀಕರು ಮೂಲ ಬೆಲೆ ಏರಿಸಿ ಅದನ್ನು ನುಂಗುವುದಿಲ್ಲವೇ? ನುಂಗಬಹುದು. 2017ರ ನವೆಂಬರ್‌ನಲ್ಲಿ ಹೋಟೆಲ್ ಊಟದ ತೆರಿಗೆ ಶೇ 5ಕ್ಕೆ ಇಳಿದಾಗ, ಹೂಡುವಳಿ ತೆರಿಗೆ ಜಮೆಯ, ಅಂದರೆ ತಾವು ಕೊಂಡ ಸಾಮಗ್ರಿಗೆ ಕಟ್ಟಿದ ತೆರಿಗೆಯನ್ನು ತಾವು ಕಟ್ಟಬೇಕಾದ ತೆರಿಗೆಯಲ್ಲಿ ಹೊಂದಿಸಿಕೊಳ್ಳುವ, ಸೌಲಭ್ಯ ಹೋಯಿತೆಂದು ಹಲವರು ಮೆನು ದರ ಏರಿಸಿದರು. ಆಗ ದೂರು ಕೊಡಲು ಲಾಭಕೋರತನ ತಡೆ ಪ್ರಾಧಿಕಾರವಾದರೂ ಇತ್ತು. 2025ರ ಏಪ್ರಿಲ್ 1ರಿಂದ ಅಂಥ ಹೊಸ ದೂರುಗಳನ್ನು ತೆಗೆದುಕೊಳ್ಳುವುದೇ ನಿಂತಿದೆ. ಹಾಗೆಂದು ದರ ಇಳಿಸಬಾರದು ಎಂದಾಗದು, ಇಳಿಸುವ ಬಗೆ ಸರಿಯಿರಬೇಕು ಎಂದಾಗುತ್ತದೆ. ₹100ರ ಸಿನಿಮಾ ಟಿಕೆಟ್‌ಗೆ ಶೇ 5 ಮಾಡಿದಾಗ ಮಂಡಳಿ ಹೂಡುವಳಿ ತೆರಿಗೆ ಜಮೆಯನ್ನು ಉಳಿಸಿಯೇ ಕೊಟ್ಟಿತು. ಪಾರ್ಕುಗಳಿಗೂ ಹಾಗೆಯೇ ಕೊಟ್ಟರೆ ರೈಡುಗಳ ಮೇಲೆ ಕಟ್ಟಿದ ತೆರಿಗೆಯ ನೆಪ ಹೇಳಲು ಬರುವುದಿಲ್ಲ. ₹500ರೊಳಗಿನ ಟಿಕೆಟ್‌ಗೆ ಸರ್ಕಸ್‌ಗಿರುವ ವಿನಾಯಿತಿ ಕೊಟ್ಟರೆ ಬೆಲೆಯನ್ನು ಆ ಮಿತಿಯೊಳಗೆ ಇಡಲು ಸಣ್ಣ ಪಾರ್ಕುಗಳಿಗೆ ಕಾರಣವೂ ಸಿಗುತ್ತದೆ. ದಾವಣಗೆರೆ, ಹುಬ್ಬಳ್ಳಿ, ಕಲಬುರಗಿ ಸೀಮೆಯ ಮಕ್ಕಳು ಮುನ್ನೂರು ಕಿಲೋಮೀಟರ್ ಹೋಗದೆಯೇ ಆಡುವಂತಾಗಲು ಇಂಥ ಸಣ್ಣ ಪಾರ್ಕುಗಳೇ ಉಳಿಯಬೇಕು.

ಬೊಕ್ಕಸದ ನಷ್ಟದ ಮಾತೂ ಬರುತ್ತದೆ. ಶೇ 18ರಲ್ಲಿ ಅರ್ಧ ಕೇಂದ್ರಕ್ಕೆ, ಅರ್ಧ ಪಾರ್ಕಿರುವ ರಾಜ್ಯಕ್ಕೆ. 2025ರ ದರ ಇಳಿಕೆಗೆ ಮೊದಲು ನಷ್ಟ ತುಂಬಿಕೊಡಬೇಕು ಎಂದು ಒತ್ತಾಯಿಸಿದ ಎಂಟು ರಾಜ್ಯಗಳಲ್ಲಿ ಕರ್ನಾಟಕವೂ ಒಂದು, ಆ ಆತಂಕ ಸುಳ್ಳಲ್ಲ. ಆದರೆ ಇದೇ ಕರ್ನಾಟಕ ಕೆಆರ್‌ಎಸ್ ಅಣೆಕಟ್ಟೆಯ ಬೃಂದಾವನವನ್ನು ಖಾಸಗಿ ಸಹಭಾಗಿತ್ವದಲ್ಲಿ ಸುಮಾರು ₹2,663 ಕೋಟಿಯ ಮನರಂಜನಾ ಉದ್ಯಾನ ಮಾಡಲು ಹೊರಟಿದೆ. ಅಣೆಕಟ್ಟೆಯ ಸುರಕ್ಷತೆಗೆ ಇದು ಕುತ್ತು ಎಂದು ಮಂಡ್ಯ ಭಾಗದ ರೈತರು ವಿರೋಧಿಸಿದ್ದಾರೆ, ಪ್ರಕರಣ ಹೈಕೋರ್ಟ್ ಮೆಟ್ಟಿಲೇರಿದೆ. ರೈತರ ಆತಂಕಕ್ಕೆ ಮೊದಲ ಉತ್ತರ ಸಿಗಬೇಕು. ಅದರ ಜೊತೆಗೇ ಕೇಳಬೇಕಾದ ಪ್ರಶ್ನೆ, ಅಂಥ ಉದ್ಯಾನದೊಳಗೆ ಯಾರ ಮಕ್ಕಳು ಹೋಗುತ್ತಾರೆ ಎಂಬುದು. ಸಾವಿರಾರು ಕೋಟಿಯ ಯೋಜನೆಗೆ ಉತ್ಸಾಹ ತೋರುವ ಸರ್ಕಾರ, ಈಗಿರುವ ಪಾರ್ಕಿನ ಬಾಗಿಲಲ್ಲಿ ಬಡ ಮಗುವಿನಿಂದ ಪಡೆಯುವ ತನ್ನ ಶೇ 9ನ್ನು ಬಿಟ್ಟುಕೊಡುವ ಮಾತು ಆಡಿಲ್ಲ.

ಮಂಡಳಿಯಲ್ಲಿ ಕರ್ನಾಟಕಕ್ಕೆ ಸ್ಥಾನವಿದೆ, ಮತವಿದೆ. ಮುಂದಿನ ಸಭೆಗೆ ರಾಜ್ಯ ಒಯ್ಯಬೇಕಾದ ಪ್ರಸ್ತಾವ ಉದ್ದವೇನೂ ಆಗದು: ₹500ರವರೆಗಿನ ಪಾರ್ಕ್ ಟಿಕೆಟ್‌ಗೆ ವಿನಾಯಿತಿ, ಅದರ ಮೇಲಿನದಕ್ಕೆ ಹೂಡುವಳಿ ತೆರಿಗೆ ಜಮೆ ಸಹಿತ ಶೇ 5, ಶಾಲೆಯ ಹೆಸರಲ್ಲಿ ಕೊಳ್ಳುವ ವಿದ್ಯಾರ್ಥಿ ಟಿಕೆಟ್‌ಗೆ ಪೂರ್ಣ ವಿನಾಯಿತಿ. ತೆರಿಗೆ ಸೇರಿದ ಬೆಲೆಯನ್ನೇ ದೊಡ್ಡ ಅಕ್ಷರದಲ್ಲಿ ಹಾಕಬೇಕೆಂದು ಪಾರ್ಕುಗಳಿಗೆ ಒತ್ತಾಯ ಹೇರಲು ಮಂಡಳಿಯ ಒಪ್ಪಿಗೆಗೂ ಕಾಯಬೇಕಿಲ್ಲ. ಗ್ರಾಹಕ ವ್ಯವಹಾರ ಮತ್ತು ಪ್ರವಾಸೋದ್ಯಮ ಇಲಾಖೆಗಳು ಕೂತು ಮಾತಾಡಿದರೆ ಬರುವ ಡಿಸೆಂಬರ್‌ನ ಶಾಲಾ ಪ್ರವಾಸಗಳು ಹೊರಡುವ ಮೊದಲೇ ಅದು ಆಗಬಲ್ಲ ಕೆಲಸ.