ಹದಿಹರೆಯಕ್ಕೂ ಒಬ್ಬ ವೈದ್ಯ ಬೇಕು

ಮುಂಬಯಿಯ ಕನ್ನಡ ಸಂಘಗಳ ವಾರ್ಷಿಕೋತ್ಸವಗಳಲ್ಲಿ ಪ್ರತಿಭಾ ಪುರಸ್ಕಾರವೆಂಬುದು ತಪ್ಪದೆ ನಡೆದು ಬಂದ ವಿಧಿ. ಹತ್ತನೆಯ, ಹನ್ನೆರಡನೆಯ ತರಗತಿಗಳಲ್ಲಿ ಹೆಚ್ಚು ಅಂಕ ಗಳಿಸಿದ ಮಕ್ಕಳನ್ನು ವೇದಿಕೆಗೆ ಕರೆದು, ಹೂಗುಚ್ಛವನ್ನಿತ್ತು, ಮುಂದೇನಾಗುವೆ ಎಂದು ಕೇಳುತ್ತಾರೆ. ಡಾಕ್ಟರಾಗುತ್ತೇನೆ ಎಂಬ ಉತ್ತರಕ್ಕೆ ಚಪ್ಪಾಳೆ ಖಂಡಿತ. ಯಾವ ಡಾಕ್ಟರ್ ಎಂದು ಕೆದಕಿದರೆ ಹೃದಯ, ನರ, ಮೂಳೆ, ಕಣ್ಣು ಇವುಗಳಲ್ಲಿ ಒಂದರ ಹೆಸರು ಹೊರಬೀಳುತ್ತದೆ. ತನ್ನಂತೆಯೇ ಹದಿನೈದು-ಹದಿನಾರರ ವಯಸ್ಸಿನವರಿಗೆ ವೈದ್ಯನಾಗುತ್ತೇನೆ ಎಂದು ಒಬ್ಬ ಹುಡುಗನೂ ಒಬ್ಬ ಹುಡುಗಿಯೂ ಹೇಳಿದ್ದನ್ನು ಇಷ್ಟು ವರ್ಷಗಳಲ್ಲಿ ನಾನು ಕೇಳಿಲ್ಲ. ಅಂಥದೊಂದು ವೈದ್ಯಶಾಖೆ ಇದೆಯೆಂಬುದೇ ವೇದಿಕೆಯ ಮೇಲಿನವರಿಗಾಗಲಿ ಕೆಳಗಿನವರಿಗಾಗಲಿ ತಿಳಿದಿರುವುದಿಲ್ಲ.

ಇದೇನೂ ನಿನ್ನೆ ಮೊನ್ನೆ ಹುಟ್ಟಿದ ಶಾಖೆಯಲ್ಲ. ಅಮೆರಿಕದಲ್ಲಿ ಶಾಲಾ ವೈದ್ಯರಾಗಿದ್ದ ಜೆ. ರಾಸ್ವೆಲ್ ಗ್ಯಾಲಘರ್ ಎಂಬುವರು 1951ರಲ್ಲಿ ಬಾಸ್ಟನ್ ನಗರದ ಮಕ್ಕಳ ಆಸ್ಪತ್ರೆಯಲ್ಲಿ ಹದಿಹರೆಯದವರಿಗೆಂದೇ ಪ್ರತ್ಯೇಕ ವಿಭಾಗವನ್ನು ತೆರೆದರು. ಶಾಲೆಯ ಹುಡುಗರ ನಡುವೆ ವರ್ಷಗಟ್ಟಲೆ ಕೆಲಸ ಮಾಡಿದ್ದ ಅವರು ಕಂಡುಕೊಂಡ ಸಂಗತಿ ಸರಳವಾದದ್ದು: ಈ ವಯಸ್ಸಿನ ರೋಗಿಯನ್ನು ಅವನ ತಾಯಿಯ ಮೂಲಕ ಅರಿಯಲಾಗದು, ಅವನೊಡನೆಯೇ ಮಾತನಾಡಬೇಕು. 1968ರಲ್ಲಿ ಅಲ್ಲಿಯ ಇಂಥ ವೈದ್ಯರೆಲ್ಲ ಸೇರಿ ತಮ್ಮದೇ ಸಂಘವನ್ನು ಕಟ್ಟಿಕೊಂಡರು. ಈ ವಿಷಯದಲ್ಲಿ ತಜ್ಞರೆಂದು ಮಾನ್ಯತೆ ನೀಡುವ ಪರೀಕ್ಷೆ ಅಲ್ಲಿ 1994ರಲ್ಲಿ ಆರಂಭವಾಯಿತು.

ನಮ್ಮ ದೇಶದಲ್ಲಿ ಈ ಕೆಲಸವನ್ನು ಹೊತ್ತವರು ಮುಖ್ಯವಾಗಿ ಶಿಶುವೈದ್ಯರು. 1963ರಲ್ಲಿ ಮುಂಬಯಿಯಲ್ಲಿ ಸ್ಥಾಪಿತವಾದ ಭಾರತೀಯ ಶಿಶುವೈದ್ಯ ಅಕಾಡೆಮಿ ತನ್ನ ವ್ಯಾಪ್ತಿಯನ್ನು ಹದಿನೆಂಟರ ವಯಸ್ಸಿನವರೆಗೆ ವಿಸ್ತರಿಸಿಕೊಂಡಿದೆ. 2000ದಲ್ಲಿ ಅದರ ಅಧ್ಯಕ್ಷೆಯಾಗಿದ್ದ ಡಾ. ಸ್ವಾತಿ ಭಾವೆಯವರು ಹದಿಹರೆಯದ ವೈದ್ಯಕೀಯದ ಬೃಹತ್ ಪಠ್ಯಪುಸ್ತಕವನ್ನು ಸಂಪಾದಿಸಿದವರು, ಈ ಕ್ಷೇತ್ರಕ್ಕಾಗಿಯೇ ಒಂದು ಸಂಸ್ಥೆಯನ್ನು ಹುಟ್ಟುಹಾಕಿದವರು. ತಿರುವನಂತಪುರದ ಚೈಲ್ಡ್ ಡೆವಲಪ್‌ಮೆಂಟ್ ಸೆಂಟರನ್ನು ಕಟ್ಟಿದ ಡಾ. ಎಂ. ಕೆ. ಸಿ. ನಾಯರ್ ಇನ್ನೊಬ್ಬರು. ಇಬ್ಬರೂ ಮೊದಲು ಹಸುಗೂಸುಗಳ ವೈದ್ಯರು. ಆಮೇಲೆ, ಹಸುಗೂಸುಗಳು ಬೆಳೆದು ಎಲ್ಲಿ ಹೋದವು ಎಂದು ಹಿಂಬಾಲಿಸಿ ಹೊರಟವರು. ಈ ವೃತ್ತಿಪಥದ ಸ್ವರೂಪವೇ ಹಾಗೆ. ಇಂಟರ್ನ್‌ಶಿಪ್ ಸೇರಿ ಐದೂವರೆ ವರ್ಷಗಳ ಎಂ.ಬಿ.ಬಿ.ಎಸ್., ಮೂರು ವರ್ಷಗಳ ಎಂ.ಡಿ. ಮುಗಿಸಿದ ಶಿಶುವೈದ್ಯನಿಗೆ ಹೃದ್ರೋಗದಲ್ಲಾಗಲಿ ನವಜಾತ ಶಿಶುಗಳ ಚಿಕಿತ್ಸೆಯಲ್ಲಾಗಲಿ ಡಿ.ಎಂ. ಪದವಿಯ ದಾರಿಯಿದೆ. ಮಕ್ಕಳ ಮತ್ತು ಹದಿಹರೆಯದವರ ಮನೋರೋಗ ಚಿಕಿತ್ಸೆಗೂ ಡಿ.ಎಂ. ಇದೆ, ಆದರೆ ಅದು ಮನೋವೈದ್ಯರ ಹಾದಿ. ದೇಹ, ಮನಸ್ಸು, ಶಾಲೆ, ಮನೆ ಎಲ್ಲವನ್ನೂ ಒಟ್ಟಾಗಿ ನೋಡುವ ಹದಿಹರೆಯದ ವೈದ್ಯಕೀಯಕ್ಕೆ ಡಿಪ್ಲೊಮಾ, ಫೆಲೋಶಿಪ್‌ಗಳೇ ಗತಿ. ನಾಮಫಲಕದ ಮೇಲೆ ಬರೆಸಿಕೊಳ್ಳಲು ದೊಡ್ಡ ಪದವಿಯಿಲ್ಲದ ಶಾಖೆಯನ್ನು ಜಾಣ ವಿದ್ಯಾರ್ಥಿ ಏಕೆ ಆರಿಸಿಯಾನು?

ಪದವಿಯ ಮಾತು ಹಾಗಿರಲಿ, ಹಣದ ಮಾತಿಗೆ ಬರೋಣ. ಕೇಂದ್ರ ಸರ್ಕಾರದ ನೌಕರರಿಗಿರುವ ಸಿ.ಜಿ.ಎಚ್.ಎಸ್. ಯೋಜನೆಯ ಫಲಾನುಭವಿಗಳಲ್ಲಿ ನಾನೂ ಒಬ್ಬ. ಆ ಯೋಜನೆಯಲ್ಲಿ ಹೊರರೋಗಿಯನ್ನು ನೋಡುವ ವೈದ್ಯರ ಶುಲ್ಕವನ್ನು 2023ರ ಏಪ್ರಿಲ್‌ನಲ್ಲಿ 150 ರೂಪಾಯಿಗಳಿಂದ 350ಕ್ಕೆ ಏರಿಸಲಾಯಿತು. ಏರಿಕೆ ನ್ಯಾಯವಾದದ್ದೇ. ಆದರೆ ಐದು ನಿಮಿಷಗಳಲ್ಲಿ ನೆಗಡಿಗೆ ಗುಳಿಗೆ ಬರೆದುಕೊಟ್ಟರೂ ಅದೇ ಶುಲ್ಕ, ಒಂದು ತಿಂಗಳಿನಿಂದ ಊಟ ಬಿಟ್ಟಿರುವ ಹುಡುಗಿಯ ಎದುರು ಮುಕ್ಕಾಲು ಗಂಟೆ ಕುಳಿತರೂ ಅದೇ ಶುಲ್ಕ. ಖಾಸಗಿ ವಿಮೆಯ ಲೆಕ್ಕಾಚಾರವೂ ಬೇರೆಯಲ್ಲ. ಕೊಯ್ದದ್ದಕ್ಕೆ, ಹೊಲಿದದ್ದಕ್ಕೆ, ಸ್ಕ್ಯಾನ್ ಮಾಡಿದ್ದಕ್ಕೆ ದರಪಟ್ಟಿಯಲ್ಲಿ ಸಾಲುಗಳುಂಟು, ಕೇಳಿಸಿಕೊಂಡದ್ದಕ್ಕೆ ಸಾಲಿಲ್ಲ. ಹದಿಹರೆಯದ ವೈದ್ಯನ ಮುಖ್ಯ ಉಪಕರಣವೇ ಕಿವಿ. ಅಂಧೇರಿಯಂಥ ಉಪನಗರದಲ್ಲಿ ದವಾಖಾನೆಯ ಕೋಣೆಯ ಬಾಡಿಗೆಯನ್ನು ಕಿವಿಯೊಂದರಿಂದಲೇ ದುಡಿದು ಕೊಡುವುದು ಎಷ್ಟು ಕಷ್ಟವೆಂಬುದನ್ನು ಇಲ್ಲಿ ಬಾಡಿಗೆ ಕಟ್ಟಿದ ಓದುಗರಿಗೆ ವಿವರಿಸಬೇಕಿಲ್ಲ. ದರಪಟ್ಟಿಯನ್ನು ರಚಿಸುವ ಅಧಿಕಾರಿಗಳು ನನ್ನ ವರ್ಗದವರೇ ಆದುದರಿಂದ ಈ ಮಾತನ್ನು ಹೇಳುವ ಹಕ್ಕು ನನಗಿದೆಯೆಂದು ಭಾವಿಸಿದ್ದೇನೆ: ಸಮಯವನ್ನು ಅಳೆದು ಶುಲ್ಕ ಕೊಡುವ ಒಂದು ಸಾಲನ್ನು ಸೇರಿಸದ ಹೊರತು ಈ ಶಾಖೆ ಕೆಲವರ ಉದಾರತೆಯ ಮೇಲೆಯೇ ನಿಂತಿರಬೇಕಾಗುತ್ತದೆ.

ಹದಿಹರೆಯದಲ್ಲಿ ಅಂಥ ರೋಗವೇನಿದೆ, ಅದು ಆರೋಗ್ಯದ ವಯಸ್ಸಲ್ಲವೇ ಎಂದು ಕೇಳುವವರುಂಟು. 2019-21ರ ಐದನೆಯ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ 15ರಿಂದ 19ರ ವಯಸ್ಸಿನ ಹುಡುಗಿಯರಲ್ಲಿ ನೂರಕ್ಕೆ 59 ಮಂದಿಗೆ, ಹುಡುಗರಲ್ಲಿ 31 ಮಂದಿಗೆ ರಕ್ತಹೀನತೆ ಇದೆ. ವಿಶ್ವ ಆರೋಗ್ಯ ಸಂಸ್ಥೆಯ ಪ್ರಕಾರ ಮಾನಸಿಕ ಕಾಯಿಲೆಗಳಲ್ಲಿ ಅರ್ಧದಷ್ಟು ಹದಿನಾಲ್ಕರ ವಯಸ್ಸಿನೊಳಗೇ ಮೊಳೆಯುತ್ತವೆ. ರಾಷ್ಟ್ರೀಯ ಅಪರಾಧ ದಾಖಲೆಗಳ ಬ್ಯೂರೊ ಲೆಕ್ಕವಿಟ್ಟಂತೆ 2022ರಲ್ಲಿ ಈ ದೇಶದ 13,044 ವಿದ್ಯಾರ್ಥಿಗಳು ಆತ್ಮಹತ್ಯೆ ಮಾಡಿಕೊಂಡರು. ರಾಜ್ಯಗಳ ಪೈಕಿ ಮೊದಲ ಸ್ಥಾನ ನಾವು ಅನ್ನ ಉಣ್ಣುತ್ತಿರುವ ಮಹಾರಾಷ್ಟ್ರದ್ದು. ಇವರಲ್ಲಿ ಎಷ್ಟೋ ಮಂದಿ ಅದಕ್ಕೆ ಮುಂಚೆ ತಲೆನೋವೆಂದೋ ಹೊಟ್ಟೆನೋವೆಂದೋ ನಿದ್ರೆಯಿಲ್ಲವೆಂದೋ ಯಾರಾದರೊಬ್ಬ ವೈದ್ಯರ ಬಳಿಗೆ ಹೋಗಿರಲಾರರೇ? ಹೋದಾಗ ಪಕ್ಕದಲ್ಲಿ ತಾಯಿಯೋ ತಂದೆಯೋ ಕುಳಿತಿರುತ್ತಾರೆ. ವೈದ್ಯರು ಪ್ರಶ್ನೆಯನ್ನು ಮಗುವಿಗೆ ಕೇಳುತ್ತಾರೆ, ಉತ್ತರ ತಾಯಿಯಿಂದ ಬರುತ್ತದೆ.

ಇಲ್ಲಿಯೇ ಈ ವೃತ್ತಿಯ ತಿರುಳಿದೆ. ಹದಿಹರೆಯದ ತಜ್ಞವೈದ್ಯ ಮೊದಲು ಎಲ್ಲರನ್ನೂ ಕೂರಿಸಿಕೊಂಡು ಮಾತನಾಡುತ್ತಾನೆ. ಬಳಿಕ, ನೀವು ಸ್ವಲ್ಪ ಹೊರಗೆ ಕುಳಿತಿರಿ ಎಂದು ಪಾಲಕರಿಗೆ ವಿನಯದಿಂದ ಹೇಳುತ್ತಾನೆ. ಆಮೇಲೆ ನಡೆಯುವ ಸಂಭಾಷಣೆಗೆ ಒಂದು ಕ್ರಮವಿದೆ. 1988ರಲ್ಲಿ ಪ್ರಕಟವಾದ ಈ ಕ್ರಮವನ್ನು ಇಂಗ್ಲಿಷಿನ ಮೊದಲಕ್ಷರಗಳನ್ನು ಕೂಡಿಸಿ ‘ಹೆಡ್ಸ್’ ಎಂದು ಕರೆಯುತ್ತಾರೆ. ಮೊದಲು ಮನೆ, ನಂತರ ಓದು, ಊಟ, ಆಟಪಾಟ, ಗೆಳೆಯರು. ಸಲಿಗೆ ಬೆಳೆದ ಮೇಲೆ ಸಿಗರೇಟು ಮದ್ಯಗಳ ವಿಚಾರ, ದೇಹಸಂಬಂಧದ ವಿಚಾರ, ಬದುಕು ಬೇಡವೆನಿಸಿದೆಯೇ ಎಂಬ ಪ್ರಶ್ನೆ, ಯಾರಿಂದಾದರೂ ಭಯವಿದೆಯೇ ಎಂಬ ಪ್ರಶ್ನೆ. ಸುಲಭವಾದದ್ದರಿಂದ ಕಠಿಣವಾದದ್ದಕ್ಕೆ ಮೆಟ್ಟಿಲು ಮೆಟ್ಟಿಲಾಗಿ ಇಳಿಯುವ ಈ ವಿದ್ಯೆಯನ್ನು ಕಲಿಯಲು ಒಳ್ಳೆಯ ವೈದ್ಯನಿಗೂ ವರ್ಷಗಳು ಹಿಡಿಯುತ್ತವೆ. ಅದರ ಮೊದಲ ಮೆಟ್ಟಿಲು ನಮ್ಮ ಕೈಯಲ್ಲಿದೆ. ಹೊರಗೆ ಕುಳಿತಿರಿ ಎಂಬ ಮಾತನ್ನು ನಮ್ಮವರಲ್ಲಿ ಬಹುಮಂದಿ ಅವಮಾನವೆಂದೇ ತಿಳಿಯುತ್ತಾರೆ. ನನ್ನ ಮಗ ನನ್ನಿಂದ ಏನನ್ನೂ ಮುಚ್ಚಿಡುವುದಿಲ್ಲ ಎಂಬುದು ನಮ್ಮ ತಾಯಂದಿರ ಮಾಮೂಲು ಮಾತು. ಮುಚ್ಚಿಡದಿರುವ ಹದಿನಾರರ ಹುಡುಗ ಇದ್ದರೆ ಅವನನ್ನೇ ಮೊದಲು ವೈದ್ಯರಿಗೆ ತೋರಿಸಬೇಕೆಂದು ನನಗೆ ಅನ್ನಿಸುತ್ತದೆ.

ಹೊರನಾಡಿನಲ್ಲಿ ಈ ಸಮಸ್ಯೆಗೆ ಇನ್ನೊಂದು ಮುಖವಿದೆ. ಒಳನಾಡಿನವರು ಅದನ್ನು ಊಹಿಸುವುದು ಕಷ್ಟ. ನಮ್ಮ ಮನೆಗಳಲ್ಲಿ ಅಜ್ಜಿಯದು ತುಳು ಅಥವಾ ಉತ್ತರ ಕರ್ನಾಟಕದ ಕನ್ನಡ, ತಾಯಿಯದು ಕನ್ನಡ-ಮರಾಠಿಗಳ ಬೆರಕೆ, ಮಗುವಿನದು ಮುಂಬಯಿಯ ಹಿಂದಿ ಮತ್ತು ಶಾಲೆಯ ಇಂಗ್ಲಿಷು. ಊಟಕ್ಕೆ ಬಾ, ಸ್ನಾನ ಆಯಿತೇ, ದುಡ್ಡೆಷ್ಟು ಬೇಕು ಎಂಬಷ್ಟು ಕನ್ನಡ ಮಗುವಿಗೆ ಬರುತ್ತದೆ. ತನ್ನೊಳಗೆ ಆಗುತ್ತಿರುವುದನ್ನು ಹೇಳುವ ಕನ್ನಡ ಬರುವುದಿಲ್ಲ. ಮಗು ‘ಡಿಪ್ರೆಸ್ಡ್’ ಎಂದಾಗ ತಾಯಿಗೆ ಅದು ಸೋಮಾರಿತನದ ಇನ್ನೊಂದು ಹೆಸರಾಗಿ ಕೇಳಿಸುತ್ತದೆ. ತಾಯಿ ‘ಮನಸ್ಸಿಗೆ ಹಚ್ಚಿಕೊಳ್ಳಬೇಡ’ ಎಂದಾಗ ಅದರಲ್ಲಿರುವ ಮಮತೆ ಮಗುವಿಗೆ ತಲುಪುವುದಿಲ್ಲ. ಕನ್ನಡದ ಅಳಿವು-ಉಳಿವಿನ ಪ್ರಶ್ನೆಯನ್ನು ನಾವು ಶಾಲೆಗಳ ಮುಚ್ಚುವಿಕೆಯ ಲೆಕ್ಕದಲ್ಲಿಯೇ ಈವರೆಗೆ ಚರ್ಚಿಸಿದ್ದೇವೆ. ಒಂದು ಮನೆಯ ಎರಡು ತಲೆಮಾರುಗಳ ನಡುವೆ ನೋವಿಗೆ ಸಮಾನವಾದ ಶಬ್ದವೇ ಇಲ್ಲವಾಗುವುದು ಅದಕ್ಕಿಂತ ದೊಡ್ಡ ನಷ್ಟವೆಂಬುದು ನನ್ನ ಅಭಿಪ್ರಾಯ. ಈ ಎರಡೂ ಭಾಷೆಗಳನ್ನು ಬಲ್ಲ ವೈದ್ಯನೊಬ್ಬ ಎದುರಿಗಿದ್ದರೆ ಅವನು ಅರ್ಧ ಚಿಕಿತ್ಸಕ, ಅರ್ಧ ದುಭಾಷಿ. ನಮ್ಮ ಮಕ್ಕಳಲ್ಲಿ ಒಬ್ಬರಾದರೂ ಈ ಶಾಖೆಗೆ ಹೋಗಲಿ ಎಂದು ನಾನು ಆಶಿಸುವುದಕ್ಕೆ ಇದೇ ಮುಖ್ಯ ಕಾರಣ.

ಮುಂಬಯಿ ಕನ್ನಡಿಗರ ಚರಿತ್ರೆಯೇ ಒಂದರ್ಥದಲ್ಲಿ ಹದಿಹರೆಯದವರ ಚರಿತ್ರೆ. ತುಳುನಾಡಿನಿಂದ ಹಡಗು ಹತ್ತಿ, ಆಮೇಲೆ ಬಸ್ಸು ಹತ್ತಿ ಈ ನಗರಕ್ಕೆ ಬಂದವರಲ್ಲಿ ಅನೇಕರು ಹನ್ನೆರಡರಿಂದ ಹದಿನಾರರ ಪ್ರಾಯದ ಹುಡುಗರು. ಹಗಲು ಹೋಟೆಲಿನಲ್ಲಿ ಮಾಣಿಯ ಕೆಲಸ, ರಾತ್ರಿ ಕನ್ನಡ ರಾತ್ರಿಶಾಲೆಯಲ್ಲಿ ಓದು, ಮಲಗುವುದಕ್ಕೆ ಹೋಟೆಲಿನದೇ ಬೆಂಚು. ಇಂದು ಅಂಧೇರಿಯಲ್ಲಿ ವಿದ್ಯಾಸಂಸ್ಥೆಗಳನ್ನು ನಡೆಸುತ್ತಿರುವ ಮೊಗವೀರ ವ್ಯವಸ್ಥಾಪಕ ಮಂಡಳಿ 1902ರಲ್ಲಿ ಹುಟ್ಟಿದ್ದು. ಅದರ ಉಚಿತ ರಾತ್ರಿಶಾಲೆಯಂಥ ಸಂಸ್ಥೆಗಳು ಆ ಹುಡುಗರಿಗೆ ಅಕ್ಷರವನ್ನಿತ್ತವು. ಆ ಶಾಲೆಗಳ ಋಣವನ್ನು ನಾವು ಸಭೆ ಸಭೆಯಲ್ಲೂ ಸ್ಮರಿಸುತ್ತೇವೆ, ಸ್ಮರಿಸಬೇಕಾದ್ದೇ. ಆದರೆ ಧ್ವನಿ ಒಡೆಯುವ, ಮೀಸೆ ಚಿಗುರುವ ವಯಸ್ಸಿನಲ್ಲಿ ತಾಯಿಯಿಂದ ನೂರಾರು ಮೈಲಿ ದೂರವಿದ್ದ ಆ ಹುಡುಗರು ತಮ್ಮ ಸಂಶಯಗಳನ್ನು, ಭಯಗಳನ್ನು ಯಾರಲ್ಲಿ ಕೇಳಿದರು? ಗೆದ್ದವರ ಸಂಸ್ಮರಣ ಗ್ರಂಥಗಳು ನಮ್ಮಲ್ಲಿ ಬೇಕಾದಷ್ಟಿವೆ. ಕಳೆದುಹೋದವರ ಲೆಕ್ಕವನ್ನು ಯಾರೂ ಇಡಲಿಲ್ಲ. ಹೋಟೆಲುಗಳಲ್ಲಿ ಹದಿನಾಲ್ಕರ ಒಳಗಿನವರ ದುಡಿಮೆಯನ್ನು 2006ರ ಅಕ್ಟೋಬರಿನಿಂದ ನಿಷೇಧಿಸಲಾಯಿತು. ಹದಿನಾಲ್ಕರಿಂದ ಹದಿನೆಂಟರವರೆಗಿನವರನ್ನು ‘ಕಿಶೋರ’ ಎಂಬ ಬೇರೆಯೇ ವರ್ಗವಾಗಿ ಆ ಕಾನೂನು ಗುರುತಿಸಲು 2016ರ ತಿದ್ದುಪಡಿಯವರೆಗೆ ಕಾಯಬೇಕಾಯಿತು.

ಕಾನೂನಿನ ಮಾತು ಬಂದುದರಿಂದ ಈ ವೈದ್ಯರ ಅತಿ ದೊಡ್ಡ ಇಕ್ಕಟ್ಟನ್ನೂ ಹೇಳಬೇಕು. ಮಗು ಹೇಳಿದ್ದನ್ನು ಗುಟ್ಟಾಗಿಡುತ್ತೇನೆ ಎಂಬ ಭರವಸೆಯ ಮೇಲೆ ಅವರ ಕೆಲಸ ನಿಂತಿದೆ. 2012ರ ಪೋಕ್ಸೊ ಕಾಯಿದೆಯಂತೆ ಹದಿನೆಂಟರ ಒಳಗಿನವರೊಡನೆ ನಡೆದ ದೈಹಿಕ ಸಂಬಂಧ, ಪರಸ್ಪರ ಒಪ್ಪಿಗೆಯಿದ್ದರೂ, ಅಪರಾಧ. ತಿಳಿದವರು ಪೊಲೀಸರಿಗೆ ತಿಳಿಸಲೇಬೇಕು, ತಿಳಿಸದಿದ್ದರೆ ಅವರಿಗೂ ಶಿಕ್ಷೆಯುಂಟು. ಮಗುವಿನ ಮೇಲೆ ದೌರ್ಜನ್ಯವೆಸಗಿದವನನ್ನು ಹಿಡಿಯಲು ಈ ನಿಯಮ ಅಗತ್ಯ. ಆದರೆ ಹದಿನೇಳರ ಹುಡುಗಿ ತನ್ನ ಗೆಳೆಯನ ವಿಚಾರವನ್ನು ವೈದ್ಯರಲ್ಲಿ ಹೇಳಿಕೊಂಡರೆ ಅದೇ ನಿಯಮ ಆ ಕೋಣೆಯ ಬಾಗಿಲನ್ನು ತೆರೆಸುತ್ತದೆ. 2022ರ ಸೆಪ್ಟೆಂಬರಿನಲ್ಲಿ ಸುಪ್ರೀಂ ಕೋರ್ಟು ಗರ್ಭಪಾತದ ಸಂದರ್ಭದಲ್ಲಿ ಅಪ್ರಾಪ್ತೆಯೂ ಆಕೆಯ ಪಾಲಕರೂ ಕೋರಿದರೆ ವೈದ್ಯರು ತಮ್ಮ ವರದಿಯಲ್ಲಿ ಆಕೆಯ ಗುರುತನ್ನು ತಿಳಿಸಬೇಕಿಲ್ಲವೆಂದು ತೀರ್ಪಿತ್ತಿತು. ಅಷ್ಟು ಕಿಟಕಿ ತೆರೆದಿದೆ. ಪ್ರಾಮಾಣಿಕ ವೈದ್ಯ ಮೊದಲಿಗೇ ಮಗುವಿಗೆ ಹೇಳುತ್ತಾನೆ: ನಿನ್ನ ಜೀವಕ್ಕೆ ಅಪಾಯವಿದ್ದರೆ, ಯಾರಾದರೂ ನಿನಗೆ ಹಿಂಸೆ ಕೊಡುತ್ತಿದ್ದರೆ, ಕಾನೂನು ನನ್ನನ್ನು ಕಟ್ಟಿಹಾಕಿದರೆ ನಾನು ಬಾಯಿ ಬಿಡಬೇಕಾಗುತ್ತದೆ, ಉಳಿದದ್ದು ನಮ್ಮಿಬ್ಬರ ನಡುವೆ. ಇಷ್ಟನ್ನು ಹೇಳಿಯೂ ಮಗುವಿನ ನಂಬಿಕೆಯನ್ನು ಗಳಿಸಬೇಕು.

ಸರ್ಕಾರ ಏನೂ ಮಾಡಿಲ್ಲವೆಂದು ಹೇಳಲಾರೆ. 2014ರ ಜನವರಿಯಲ್ಲಿ ಆರಂಭವಾದ ರಾಷ್ಟ್ರೀಯ ಕಿಶೋರ ಸ್ವಾಸ್ಥ್ಯ ಕಾರ್ಯಕ್ರಮದಡಿ ಹದಿಹರೆಯದವರ ಚಿಕಿತ್ಸಾಲಯಗಳಿವೆ. ಮಹಾರಾಷ್ಟ್ರದಲ್ಲಿ ಅವಕ್ಕೆ ‘ಮೈತ್ರಿ’ ಎಂದೂ ಕರ್ನಾಟಕದಲ್ಲಿ ‘ಸ್ನೇಹ’ ಎಂದೂ ಹೆಸರು. 2022ರ ಅಕ್ಟೋಬರಿನಿಂದ 14416 ಎಂಬ ದೂರವಾಣಿ ಸಂಖ್ಯೆಯಲ್ಲಿ ಟೆಲಿ-ಮಾನಸ್ ಸೇವೆ ಹಗಲಿರುಳು ಉಚಿತವಾಗಿ ದೊರೆಯುತ್ತಿದೆ. ಬೆಂಗಳೂರಿನ ನಿಮ್ಹಾನ್ಸ್ ಅದರ ಮುಖ್ಯ ಕೇಂದ್ರ, ಸೇವೆಯ ಭಾಷೆಗಳಲ್ಲಿ ಕನ್ನಡವೂ ಒಂದು. ಮಧ್ಯಮವರ್ಗದವರಾದ ನಾವು ಇವನ್ನು ಬಡವರ ಯೋಜನೆಗಳೆಂದು ಬದಿಗಿಟ್ಟಿದ್ದೇವೆ.

ಕನ್ನಡಕ್ಕೆ ಈ ವಿಚಾರ ಹೊಸದೇನಲ್ಲ. ವೈದ್ಯೆಯಾಗಿದ್ದ ಡಾ. ಅನುಪಮಾ ನಿರಂಜನರು ‘ಕೇಳು ಕಿಶೋರಿ’ ಬರೆದು, ಮನೆಯಲ್ಲಿ ಯಾರೂ ಹೇಳದಿದ್ದುದನ್ನು ಹುಡುಗಿಯರಿಗೆ ಮರ್ಯಾದೆಯ ಕನ್ನಡದಲ್ಲಿ ಹೇಳಿದರು. ಅವರು 1991ರಲ್ಲಿ ತೀರಿಕೊಂಡರು. ಹುಡುಗರಿಗೆ ಅಂಥದೇ ಒಂದು ಪುಸ್ತಕ ಅಷ್ಟೇ ಮನೆಮಾತಾಗಲಿಲ್ಲವೆಂಬ ಕೊರಗು ನನ್ನದು.

ಅಂಧೇರಿಯ ಸುತ್ತಮುತ್ತಲ ನಮ್ಮ ಸಂಘಗಳು ಇಂದೂ ರಕ್ತದಾನ ಶಿಬಿರ, ಕಣ್ಣಿನ ತಪಾಸಣಾ ಶಿಬಿರಗಳನ್ನು ನಡೆಸುತ್ತಿವೆ. ಅವುಗಳ ಜೊತೆಗೆ ತಿಂಗಳಿಗೊಂದು ಭಾನುವಾರ, ಹದಿಹರೆಯದ ವಿಷಯದಲ್ಲಿ ತರಬೇತಾದ ವೈದ್ಯರೊಬ್ಬರನ್ನು ಗೌರವಧನವನ್ನಿತ್ತು ಕರೆಸಬೇಕು. ಶಾಲು ಹೊದಿಸಿ ಕಳುಹಿಸಿದರೆ ಸಾಲದು. ಕಳೆದ ಸಮಯಕ್ಕೆ ತಕ್ಕ ಹಣ ಕೊಡಬೇಕು. ಸಭಾಂಗಣ ಬೇಡ, ಭಾಷಣ ಬೇಡ. ಬಾಗಿಲು ಮುಚ್ಚಬಹುದಾದ ಒಂದು ಕೋಣೆ ಸಾಕು. ಹೆಸರು ಬರೆಸಿಕೊಳ್ಳುವ ಪುಸ್ತಕ ಸಂಘದ ಪದಾಧಿಕಾರಿಗಳ ಕೈಗೆ ಸಿಗಬಾರದು, ಏಕೆಂದರೆ ನಮ್ಮಲ್ಲಿ ಎಲ್ಲರಿಗೂ ಎಲ್ಲರೂ ಗೊತ್ತು. ಪಾಲಕರಿಗೆ ಹೊರಗಿನ ವರಾಂಡದಲ್ಲಿ ಕುರ್ಚಿ ಹಾಕಿ, ಚಹಾ ಕೊಟ್ಟು, ಓದಲು ಈ ಪತ್ರಿಕೆಯ ಹಳೆಯ ಸಂಚಿಕೆಗಳನ್ನು ಇಟ್ಟರಾಯಿತು.